ಛೇದದಿಂದ ಹೊರಗೆ: ಸಂತೋಷ ಅಳೆಯುವ ದೇಶದ ಒಂದು ಮನೆಯ ಪ್ರಕರಣ

ಸಮೀಕ್ಷೆ ಕೆಲಸ ಕಲಿಯಲು ಬರುವ ಹುಡುಗ ಹುಡುಗಿಯರಿಗೆ ಮೊದಲ ದಿನ ನಾನು ಒಂದು ಲೆಕ್ಕ ಕೊಡುತ್ತೇನೆ. ಒಂದು ತರಗತಿಯಲ್ಲಿ ಹತ್ತು ಮಕ್ಕಳು. ಎಂಟು ಮಕ್ಕಳು ಖುಷಿಯಾಗಿದ್ದಾರೆ, ಇಬ್ಬರು ಇಲ್ಲ. ಒಂದು ಮಗುವಿನ ಮುಖದಲ್ಲೂ ಹೊಸದಾಗಿ ನಗು ತರಿಸದೆ ಆ ತರಗತಿಯ ಖುಷಿಯನ್ನು ಶೇ. 80ರಿಂದ ಶೇ. 100ಕ್ಕೆ ಏರಿಸುವುದು ಹೇಗೆ? ಸ್ವಲ್ಪ ಹೊತ್ತು ಮುಖ ಮುಖ ನೋಡಿಕೊಳ್ಳುತ್ತಾರೆ. ಆಮೇಲೆ ಹಿಂದಿನ ಬೆಂಚಿನಿಂದ ಯಾರಾದರೊಬ್ಬರು ಹೇಳಿಯೇ ಹೇಳುತ್ತಾರೆ: “ಆ ಇಬ್ಬರ ಹೆಸರು ಹಾಜರಿಯಿಂದ ಹೊಡೆದು ಹಾಕಿದ್ರೆ ಆಯ್ತಲ್ಲ ಸರ್.” ಎಲ್ಲರೂ ನಗುತ್ತಾರೆ. ಆ ನಗು ನಿಂತ ಮೇಲೆ ಈ ಪ್ರಕರಣ ಶುರುಮಾಡುತ್ತೇನೆ.

ಭಿನ್ನರಾಶಿಯಲ್ಲಿ ಮೇಲಿನದು ಅಂಶ, ಕೆಳಗಿನದು ಛೇದ ಅಂತ ಪ್ರೈಮರಿಯಲ್ಲೇ ಕಲಿತವರು ನಾವು. ಛೇದ ಎಂದರೆ ಕಡಿಯುವುದು ಎಂಬ ಅರ್ಥವೂ ಇದೆಯಲ್ಲ ಅಂತ ನನಗೆ ಹೊಳೆದದ್ದು ಭೂತಾನಿನ ಕಾಗದಪತ್ರ ಓದುವಾಗ.

ಮೊದಲೇ ಒಂದು ಮಾತು ಹೇಳಿಬಿಡುತ್ತೇನೆ. ಇಲ್ಲಿ ಬರುವ ಮನೆ ಯಾವುದೋ ಒಂದೇ ಮನೆಯಲ್ಲ. ಭೂತಾನಿನಿಂದ ಹೊರಬಿದ್ದ ನಿರಾಶ್ರಿತರು ಮಾನವ ಹಕ್ಕು ಸಂಘಟನೆಗಳ ಮುಂದೆ ಕೊಟ್ಟ ಹೇಳಿಕೆಗಳಲ್ಲಿ ಮತ್ತೆ ಮತ್ತೆ ಬರುವ ಸಂಗತಿಗಳನ್ನು ಒಂದೇ ಜಗಲಿಯ ಮೇಲೆ ಕೂರಿಸಿದ್ದೇನೆ. ಆದ್ದರಿಂದ ಹೆಸರಿಲ್ಲ, ಊರಿಲ್ಲ. ಅಜ್ಜ, ಅಪ್ಪ, ಅಮ್ಮ, ಚಿಕ್ಕಪ್ಪ, ಅಕ್ಕ, ತಮ್ಮ ಅಂತಲೇ ಕರೆಯುತ್ತೇನೆ. ಮನೆಯ ಹೊರಗಿನ ಇಸವಿ, ಅಂಕಿ, ಕಾಯ್ದೆ ಎಲ್ಲ ಇದ್ದದ್ದು ಇದ್ದಹಾಗೆ.

ಹಿನ್ನೆಲೆ

ಒಟ್ಟು ರಾಷ್ಟ್ರೀಯ ಉತ್ಪನ್ನಕ್ಕಿಂತ ಒಟ್ಟು ರಾಷ್ಟ್ರೀಯ ಸಂತೋಷ ದೊಡ್ಡದು ಎಂಬ ಮಾತು 1970ರ ದಶಕದಲ್ಲಿ ಭೂತಾನಿನ ನಾಲ್ಕನೇ ದೊರೆ ಜಿಗ್ಮೆ ಸಿಂಗ್ಯೆ ವಾಂಗ್‌ಚುಕ್ ಅವರಿಂದ ಬಂತು. ಆಮೇಲೆ ಅದು ಮಾತಾಗಿಯಷ್ಟೇ ಉಳಿಯಲಿಲ್ಲ. 2008ರ ಸಂವಿಧಾನದ 9ನೇ ವಿಧಿಯಲ್ಲಿ ಸೇರಿತು. ಒಂಬತ್ತು ಕ್ಷೇತ್ರ, 33 ಸೂಚಕಗಳ ಸೂಚ್ಯಂಕವಾಯಿತು. 2011ರ ಜುಲೈನಲ್ಲಿ ವಿಶ್ವಸಂಸ್ಥೆ ಭೂತಾನ್ ಮುಂದಿಟ್ಟ ನಿರ್ಣಯ ಒಪ್ಪಿತು, ಮರುವರ್ಷ ಮಾರ್ಚ್ 20 ಅಂತರರಾಷ್ಟ್ರೀಯ ಸಂತೋಷ ದಿನವಾಯಿತು. ಆ ದಿನ ಬಂತೆಂದರೆ ನಮ್ಮ ಪತ್ರಿಕೆಗಳಲ್ಲೂ ಮೋಡ, ಮಠ, ಕೆಂಪು ಶಾಲು ಹೊದ್ದ ಪುಟ್ಟ ಸನ್ಯಾಸಿಯ ಚಿತ್ರದ ಜೊತೆ ಒಂದು ಲೇಖನ ಖಾಯಂ. ಅಂಥದ್ದೊಂದನ್ನು ನಾನೂ ಬರೆದಿದ್ದೇನೆ, ಈಗ ಹುಡುಕಿ ತೆಗೆದು ಓದಲು ನಾಚಿಕೆ.

ಪ್ರಕರಣದ ಮನೆ ಇದ್ದದ್ದು ಆ ಚಿತ್ರಗಳಲ್ಲಿ ಕಾಣದ ಭೂತಾನಿನಲ್ಲಿ. ಅಸ್ಸಾಂ, ಬಂಗಾಳದ ಗಡಿಗೆ ತಾಗಿದ ದಕ್ಷಿಣದ ತಪ್ಪಲು ಅದು. ಸೆಕೆ, ಮಳೆ, ಜಿಗಣೆ. ತೋಟದಲ್ಲಿ ಕಿತ್ತಳೆ, ಏಲಕ್ಕಿ, ಅಡಿಕೆ. ಮಲೆನಾಡಿನವರನ್ನು ಕಣ್ಣು ಕಟ್ಟಿ ಕರೆದೊಯ್ದು ಅಲ್ಲಿ ಬಿಟ್ಟರೆ ತೀರ್ಥಹಳ್ಳಿ ಆಸುಪಾಸು ಅಂದುಕೊಂಡಾರು. ನಮ್ಮ ಕಡೆ ಭೂತಾನ್ ಹೆಸರು ಕಟ್ಟೆ ಮೇಲಿನ ಮಾತಿಗೆ ಬಂದದ್ದೂ ಅಡಿಕೆಯಿಂದಲೇ: 2022ರಲ್ಲಿ ಅಲ್ಲಿಂದ 17,000 ಟನ್ ಹಸಿ ಅಡಿಕೆಯನ್ನು ಕನಿಷ್ಠ ಆಮದು ಬೆಲೆಯ ಕಟ್ಟಿಲ್ಲದೆ ತರಿಸಲು ಕೇಂದ್ರ ಒಪ್ಪಿದಾಗ. ಆ ಅಡಿಕೆ ಬೆಳೆಯುವುದು ಇದೇ ತಪ್ಪಲಿನಲ್ಲಿ. ಆ ತೋಟಗಳಲ್ಲಿ ಮೊದಲು ಯಾರಿದ್ದರು ಎಂಬ ಪ್ರಶ್ನೆ ಆಗ ನಮ್ಮಲ್ಲಿ ಯಾರ ಬಾಯಲ್ಲೂ ಬರಲಿಲ್ಲ. ಬರಬೇಕಿತ್ತು ಅಂತಲೂ ಅಲ್ಲ, ಬೆಳೆಗಾರನಿಗೆ ಅವನ ರೇಟಿನ ಚಿಂತೆ.

ಇದ್ದವರು ನೇಪಾಳಿ ಮಾತನಾಡುವ, ಬಹುಪಾಲು ಹಿಂದೂಗಳಾದ ರೈತರು. ಹತ್ತೊಂಬತ್ತನೇ ಶತಮಾನದ ಕೊನೆಯಿಂದ ಕಾಡು ಕಡಿದು ಗದ್ದೆ ಮಾಡಿದವರು. ಸರ್ಕಾರಿ ಭಾಷೆಯಲ್ಲಿ ಲೋತ್ಶಾಂಪಾ, ಅಂದರೆ ದಕ್ಷಿಣದವರು. 1958ರ ರಾಷ್ಟ್ರೀಯತಾ ಕಾನೂನು ಅವರಿಗೆ ಪೌರತ್ವ ಕೊಟ್ಟಿತ್ತು. ನಮ್ಮ ಪ್ರಕರಣದ ಅಜ್ಜ ಕಂದಾಯ ಕಟ್ಟಿ ಚೀಟಿ ಪಡೆಯುತ್ತಿದ್ದ, ಚೀಟಿಗಳನ್ನು ತಗಡಿನ ಟ್ರಂಕಿನಲ್ಲಿ ಬಟ್ಟೆ ಸುತ್ತಿ ಇಡುತ್ತಿದ್ದ. ಆ ಟ್ರಂಕು ಮುಂದೆ ಬರುತ್ತದೆ.

ಸಮಸ್ಯೆ ಎಲ್ಲಿಂದ ಎದ್ದಿತು

ರಾಜಧಾನಿ ಥಿಂಪುವಿನ ಭಯಕ್ಕೆ ಕಾರಣ ಇರಲಿಲ್ಲ ಎನ್ನಲಾಗದು. 1975ರಲ್ಲಿ ಪಕ್ಕದ ಸಿಕ್ಕಿಂ ರಾಜಮನೆತನ ಕಣ್ಣೆದುರೇ ಮುಗಿದು ಹೋಗಿ ರಾಜ್ಯ ಭಾರತಕ್ಕೆ ಸೇರಿತ್ತು. ಅಲ್ಲಿ ನೇಪಾಳಿ ಮಾತಿನವರೇ ಹೆಚ್ಚು. ಎಂಬತ್ತರ ದಶಕದಲ್ಲಿ ಡಾರ್ಜಿಲಿಂಗ್ ಬೆಟ್ಟದಲ್ಲಿ ನೇಪಾಳಿ ಮಾತಿನವರು ಪ್ರತ್ಯೇಕ ರಾಜ್ಯ ಕೇಳಿದ ಗೂರ್ಖಾಲ್ಯಾಂಡ್ ಚಳವಳಿ ಹೊತ್ತಿ ಉರಿಯುತ್ತಿತ್ತು. ಮುಂದಿನ ಸರದಿ ನಮ್ಮದೇ ಎಂದು ಅರಮನೆಗೆ ಅನಿಸಿತು.

1985ರಲ್ಲಿ ಹೊಸ ಪೌರತ್ವ ಕಾಯ್ದೆ ಬಂತು. 1958ರ ಡಿಸೆಂಬರ್ 31ರಂದು ಅಥವಾ ಅದಕ್ಕೆ ಮೊದಲು ದೇಶದಲ್ಲಿ ನೆಲೆಸಿದ್ದು, ಹೆಸರು ಜನಗಣತಿ ಪುಸ್ತಕದಲ್ಲಿದ್ದರೆ ಪೌರ. ಹುಟ್ಟಿನಿಂದ ಪೌರತ್ವ ಬೇಕಿದ್ದರೆ ಅಪ್ಪ ಅಮ್ಮ ಇಬ್ಬರೂ ಭೂತಾನೀಯರಾಗಿರಬೇಕು. 1988ರಲ್ಲಿ ದಕ್ಷಿಣದ ಜಿಲ್ಲೆಗಳಲ್ಲಿ ಗಣತಿ ನಡೆಯಿತು. ಅದು ತಲೆ ಎಣಿಸುವ ಗಣತಿಯಾಗಿರಲಿಲ್ಲ, ತಲೆ ವಿಂಗಡಿಸುವ ಗಣತಿ. ಎಫ್1ರಿಂದ ಎಫ್7ರವರೆಗೆ ಏಳು ಪಟ್ಟಿ. ಎಫ್1 ಅಸಲಿ ಭೂತಾನೀಯರು, ಎಫ್7 ವಿದೇಶೀಯರು, ನಡುವೆ ಬಿಟ್ಟು ಹೋಗಿ ಬಂದವರು, ಗಣತಿಯ ಹೊತ್ತಿಗೆ ಸಿಗದವರು, ಹೊರಗಿನಿಂದ ಮದುವೆಯಾಗಿ ಬಂದ ಹೆಂಡತಿ, ಹೊರಗಿನ ಗಂಡ, ದತ್ತು ಮಕ್ಕಳು.

ಅಧಿಕಾರಿಗಳು ಕೇಳಿದ್ದು 1958ರ ಕಂದಾಯ ಚೀಟಿ. 1957ರದ್ದಿದ್ದರೆ ಸಾಲದು, 1959ರದ್ದು ಬೇಡ. ಮೂವತ್ತು ವರ್ಷದ ಹಿಂದಿನ ಒಂದೇ ಒಂದು ವರ್ಷದ ಚೀಟಿ ಮನೆಯಲ್ಲಿ ಹುಡುಕಿ ನೋಡಿ, ಈ ಮಾತಿನ ತೂಕ ಗೊತ್ತಾಗುತ್ತದೆ. ನನ್ನ ತರಬೇತಿಯಲ್ಲಿ ಎಲ್ಲರಿಗೂ ಹೀಗೆ ಹೇಳುತ್ತೇನೆ: ನಿಮ್ಮ ಅಪ್ಪ 1995ರಲ್ಲಿ ಕಟ್ಟಿದ ಕಂದಾಯದ ರಸೀದಿ ನಾಳೆ ತನ್ನಿ. ಇಲ್ಲಿಯವರೆಗೆ ಯಾರೂ ತಂದಿಲ್ಲ.

ಅಜ್ಜನ ಟ್ರಂಕಿನಲ್ಲಿ 1956, 1957, 1960ರ ಚೀಟಿಗಳಿದ್ದವು. 1958ರದ್ದು ಇರಲಿಲ್ಲ. ಎರಡು ದಿನ ಹುಡುಕಿದರು. ದೇವರ ಫೋಟೊಗಳ ಹಿಂದೆ ನೋಡಿದರು, ಅಟ್ಟದ ಬುಟ್ಟಿ ಕೆಳಗಿಳಿಸಿದರು. ಕೊನೆಗೆ ಸಿಕ್ಕಿದ್ದು ಅಜ್ಜನ ಅಣ್ಣನ ಮನೆಯಲ್ಲಿ. ಆ ವರ್ಷ ಇಬ್ಬರ ಪಾಲೂ ಒಟ್ಟಿಗಿದ್ದುದರಿಂದ ಚೀಟಿ ದೊಡ್ಡವನ ಬಳಿ ಉಳಿದಿತ್ತು. ಇಲಿ ಕಡಿದ ಮೂಲೆ, ಆದರೆ ಇಸವಿ ಓದಲು ಬರುತ್ತಿತ್ತು. ಇಲಿ ಇನ್ನೊಂದು ಮೂಲೆಯಿಂದ ಶುರುಮಾಡಿದ್ದರೆ ಈ ಕಥೆ ಇಲ್ಲಿಗೇ ಮುಗಿಯುತ್ತಿತ್ತು.

ಅಜ್ಜ ಎಫ್1. ಅಪ್ಪ ಎಫ್1. ಚಿಕ್ಕಪ್ಪ ಎಫ್1. ಅಮ್ಮ ಗಡಿಯಾಚೆಯ ದುವಾರ್ಸ್‌ನ ಟೀ ತೋಟದ ಕಡೆಯವಳು, ಮದುವೆಯಾಗಿ ಬಂದು ಹದಿಮೂರು ವರ್ಷ, ಎಫ್4. ಮಕ್ಕಳ ವಿಷಯ ಇನ್ನೂ ಚೆನ್ನಾಗಿದೆ. ಅಕ್ಕ 1979ರಲ್ಲಿ ಹುಟ್ಟಿದವಳು. ಆಗಿನ ಕಾನೂನಿಗೆ ಅಪ್ಪ ಪೌರನಾಗಿದ್ದರೆ ಸಾಕಿತ್ತು. ತಮ್ಮ 1986ರಲ್ಲಿ ಹುಟ್ಟಿದವನು. ಈಗಿನ ಕಾನೂನಿಗೆ ಅಮ್ಮನೂ ಆಗಬೇಕು. ಒಂದೇ ಚಾಪೆಯ ಮೇಲೆ ಮಲಗುವ ಅಕ್ಕ ಒಳಗಿನವಳು, ತಮ್ಮ ಹೊರಗಿನವನು. ಒಂದು ಸೂರಿನಡಿ ಮೂರು ಬಗೆಯ ಜನ.

ಮನೆಯವರು ಮಾಡಿದ್ದೇನು

ಮೊದಲು ಮಾಡಿದ್ದು ಹೊಂದಿಕೊಂಡು ಹೋಗುವ ಪ್ರಯತ್ನ. 1989ರಲ್ಲಿ ‘ದ್ರಿಗ್ಲಾಂ ನಮ್ಜಾ’ ಎಂಬ ಶಿಷ್ಟಾಚಾರ ಸಂಹಿತೆಯನ್ನು ಕಡ್ಡಾಯ ಮಾಡುವ ರಾಜಾಜ್ಞೆ ಹೊರಟಿತು. ಗಂಡಸರು ಗೋ, ಹೆಂಗಸರು ಕೀರಾ ಉಡಬೇಕು, ಇಲ್ಲದಿದ್ದರೆ ದಂಡ. ಉತ್ತರದ ಚಳಿಗೆ ನೇಯ್ದ ದಪ್ಪ ಬಟ್ಟೆ ಅದು. ದಕ್ಷಿಣದ ಜೇಷ್ಠ ಮಾಸದಲ್ಲಿ ಅದನ್ನು ಸುತ್ತಿಕೊಂಡು ಪೇಟೆಗೆ ಹೋಗುವುದೆಂದರೆ ಕಂಬಳಿ ಹೊದ್ದು ಒಲೆ ಮುಂದೆ ಕೂತಹಾಗೆ. ಅಪ್ಪ ಸಾಲ ಮಾಡಿ ಒಂದು ಗೋ ಕೊಂಡ. ಅದೇ ಗೋವನ್ನು ಸರದಿಯ ಮೇಲೆ ಉಟ್ಟು ಅಪ್ಪ, ಚಿಕ್ಕಪ್ಪ ಇಬ್ಬರೂ ಕಚೇರಿಗೆ ಹೋಗಿ ಬರುತ್ತಿದ್ದರು. ಅದೇ ವರ್ಷ ದಕ್ಷಿಣದ ಶಾಲೆಗಳಲ್ಲಿ ನೇಪಾಳಿ ಪಾಠ ನಿಂತಿತು. ಮನೆಯವರು ಅದಕ್ಕೂ ಏನೂ ಅನ್ನಲಿಲ್ಲ. ಸಂಜೆ ಅಜ್ಜ ಮೊಮ್ಮಗಳಿಗೆ ರಾಮಾಯಣದ ಪುಸ್ತಕದಿಂದ ಅಕ್ಷರ ಕಲಿಸಿದ.

ದಕ್ಷಿಣದವರ ಪರವಾಗಿ ದೊರೆಗೆ ಮನವಿ ಕೊಡುವ ದಾರಿಯೂ ನೋಡಿಯಾಗಿತ್ತು. ರಾಜ ಸಲಹಾ ಮಂಡಳಿಯ ಸದಸ್ಯರಾಗಿದ್ದ ಟೇಕ್ ನಾಥ್ ರಿಜಾಲ್ 1988ರಲ್ಲೇ ಗಣತಿಯ ಬಗ್ಗೆ ಅರ್ಜಿ ಕೊಟ್ಟಿದ್ದರು. ಅವರನ್ನು ಹುದ್ದೆಯಿಂದ ತೆಗೆದರು. ನೇಪಾಳಕ್ಕೆ ಹೋದವರನ್ನು 1989ರ ನವೆಂಬರಿನಲ್ಲಿ ಹಿಡಿದು ತಂದರು. ಬಿಡುಗಡೆ ಆದದ್ದು 1999ರ ಡಿಸೆಂಬರಿನಲ್ಲಿ. ಅರ್ಜಿ ಕೊಡುವವರ ಪಾಡು ಏನಾಗುತ್ತದೆಂದು ಹಳ್ಳಿ ಹಳ್ಳಿಗೆ ಗೊತ್ತಾಯಿತು.

1990ರ ಸೆಪ್ಟೆಂಬರಿನಲ್ಲಿ ಇವನ್ನೆಲ್ಲ ವಿರೋಧಿಸಿ ದಕ್ಷಿಣದ ಊರೂರುಗಳಲ್ಲಿ ಮೆರವಣಿಗೆ ಹೊರಟಾಗ ಮನೆಯೊಳಗೆ ಜಗಳವಾಯಿತು. ಪ್ರಕರಣದ ಮೊದಲ ನಿಜವಾದ ತಿರುವು ಇದು. ಅಪ್ಪನ ಲೆಕ್ಕ: ನಮ್ಮದು ಎಫ್1, ತಲೆ ತಗ್ಗಿಸಿ ಇದ್ದರೆ ಉಳಿದೇವು. ಚಿಕ್ಕಪ್ಪನ ಲೆಕ್ಕ: ಅತ್ತಿಗೆ ಎಫ್4, ಮಗು ಯಾವ ಪಟ್ಟಿಗೂ ಇಲ್ಲ, ನಮ್ಮದು ಎಂಥ ಎಫ್1? ಮೆರವಣಿಗೆಗೆ ಮನೆಗೊಬ್ಬರು ಬರಲೇಬೇಕೆಂದು ಚಳವಳಿಯವರ ಒತ್ತಡವೂ ಇತ್ತು. ಬಾರದವರಿಗೆ ಬೆದರಿಕೆ, ಗೋ ಉಟ್ಟವರ ಬಟ್ಟೆ ಕಿತ್ತು ಸುಟ್ಟದ್ದು, ಇವನ್ನೂ ಬರೆದಿಡಬೇಕು. ಒಂದು ಕಡೆಯ ತಪ್ಪನ್ನು ಮುಚ್ಚಿಟ್ಟು ಬರೆದ ಪ್ರಕರಣ ಯಾರಿಗೂ ಪಾಠವಾಗುವುದಿಲ್ಲ. ಚಿಕ್ಕಪ್ಪ ಹೋದ. ಹೋದವನು ಆ ರಾತ್ರಿ ಮನೆಗೆ ಬರಲಿಲ್ಲ, ಕಾಡು ಹತ್ತಿ ಗಡಿ ದಾಟಿದ.

ಅಪ್ಪ ಅಂದುಕೊಂಡಿದ್ದ ಹಾಗೆ ಎಫ್1 ಕಲ್ಲಿನಲ್ಲಿ ಕೆತ್ತಿದ್ದಲ್ಲ. ಗಣತಿಯವರು ಮತ್ತೆ ಬಂದರು. ಮನೆಯಲ್ಲೊಬ್ಬ ‘ದೇಶದ್ರೋಹಿ’ ಇದ್ದರೆ ಇಡೀ ಮನೆಯ ಪಟ್ಟಿ ಬದಲಾಗುತ್ತಿತ್ತು. ಆ ಹೊತ್ತಿಗೆ ದಕ್ಷಿಣದ ಶಾಲೆ, ಆಸ್ಪತ್ರೆಗಳು ಮುಚ್ಚಿದ್ದವು. ಕೆಲವು ಶಾಲೆಗಳಲ್ಲಿ ಸೈನಿಕರು ಬೀಡುಬಿಟ್ಟಿದ್ದರು. ಮಕ್ಕಳನ್ನು ಬೇರೆಡೆ ಶಾಲೆಗೆ ಸೇರಿಸಲು, ನೌಕರಿಗೆ, ವ್ಯಾಪಾರದ ಪರವಾನಗಿಗೆ, ಎಲ್ಲದಕ್ಕೂ ಪೊಲೀಸರ ‘ಆಕ್ಷೇಪಣೆ ಇಲ್ಲ’ ಪತ್ರ ಬೇಕು. ಚಿಕ್ಕಪ್ಪ ಹೋದ ಮನೆಗೆ ಆ ಪತ್ರ ಎಲ್ಲಿಂದ ಬರಬೇಕು? ಅಪ್ಪನನ್ನು ಕರೆದೊಯ್ದು ಎರಡು ತಿಂಗಳು ಒಂದು ಶಾಲೆಯ ಕೋಣೆಯಲ್ಲಿ ಕೂಡಿಹಾಕಿದರು. ಅವನ ಮಗಳು ಮೂರನೇ ಕ್ಲಾಸು ಓದಿದ ಕೋಣೆ. ಬಿಡುವಾಗ ಒಂದು ಷರತ್ತು ಹಾಕಿದರು: ದೇಶ ಬಿಡಬೇಕು, ಅದೂ ಸ್ವಂತ ಇಚ್ಛೆಯಿಂದ.

ನಗು

ತರಬೇತಿಯಲ್ಲಿ ನಾನು ಹೆಚ್ಚು ಹೊತ್ತು ನಿಲ್ಲುವುದು ಇಲ್ಲಿ.

ಸ್ವಇಚ್ಛೆಯಿಂದ ದೇಶ ಬಿಡುವ ನಮೂನೆ ಭೂತಾನಿನ ರಾಷ್ಟ್ರಭಾಷೆ ಜೋಂಖಾದಲ್ಲಿತ್ತು. ಅಜ್ಜನಿಗೂ ಅಪ್ಪನಿಗೂ ಅದು ಓದಲು ಬರುತ್ತಿರಲಿಲ್ಲ. ತೋಟಕ್ಕೆ ಒಂದಿಷ್ಟು ದುಡ್ಡು ಕೊಟ್ಟರು, ಏಲಕ್ಕಿಯ ಒಂದು ಫಸಲಿಗೂ ಸಾಲದ ದುಡ್ಡು. ಅಜ್ಜ ಹೆಬ್ಬೆಟ್ಟು ಒತ್ತಿದ. ಪೌರತ್ವದ ಕಾರ್ಡು ತೆಗೆದುಕೊಂಡರು. ಕಂದಾಯದ ಚೀಟಿಗಳನ್ನು ಅಮ್ಮ ಅದಕ್ಕೆ ಮೊದಲೇ ಲಂಗದ ಒಳಗೆ ಹೊಲಿದುಕೊಂಡಿದ್ದಳು.

ಆಮೇಲೆ ಫೋಟೊ. ಮನೆಯವರನ್ನೆಲ್ಲ ಸಾಲಾಗಿ ನಿಲ್ಲಿಸಿದರು. ಕ್ಯಾಮೆರಾ ಹಿಡಿದವನು ಅಜ್ಜನಿಗೆ ನಗಲು ಹೇಳಿದ. ಅಜ್ಜ ತುಟಿ ಎಳೆದ. ಅದು ಸಾಲದು, ಹಲ್ಲು ಕಾಣಬೇಕು. ಹಲ್ಲು ಕಾಣುವಂತೆ ನಗು ಎಂಬ ಈ ಅಪ್ಪಣೆ ಮಾನವ ಹಕ್ಕು ಸಂಘಟನೆಯೊಂದರ ಮುಂದೆ ನಿರಾಶ್ರಿತರೊಬ್ಬರು ಕೊಟ್ಟ ಹೇಳಿಕೆಯಲ್ಲಿ ಇದೆ. ಒಲ್ಲದ ಮನಸ್ಸಿನಿಂದ ಅಲ್ಲ, ಖುಷಿಯಾಗಿಯೇ ಹೊರಟಿದ್ದೇನೆಂದು ತೋರಿಸಲು ನಗಿಸಿದರು ಎಂದು ಅವರು ಅರ್ಥ ಮಾಡಿಕೊಂಡಿದ್ದರು.

ಸರ್ಕಾರವೇ ಸಂತೋಷವನ್ನು ಹಿಡಿತದಲ್ಲಿಟ್ಟುಕೊಂಡ ಸಮಾಜ ಎಂದಾಗ ನಮ್ಮ ಕಲ್ಪನೆಗೆ ಬರುವುದು ಮಾತ್ರೆ, ಗೋಡೆಯ ಮೇಲಿನ ಪರದೆ, ಎಲ್ಲರಿಗೂ ಒಂದೇ ಬಣ್ಣದ ಅಂಗಿ. ಇಲ್ಲಿ ಅಂಗಿಯೇನೋ ಇತ್ತು, ಉಳಿದದ್ದೆಲ್ಲ ತೀರಾ ಬಡ ಸರಂಜಾಮು: ಒಂದು ಟೇಬಲ್ಲು, ಓದಲಾಗದ ಒಂದು ನಮೂನೆ, ಒಂದು ಇಂಕ್ ಪ್ಯಾಡು, ಒಂದು ಕ್ಯಾಮೆರಾ. ನಗುವನ್ನು ಕಡತಕ್ಕೆ ಸೇರಿಸಲು ಇಷ್ಟು ಸಾಕಾಯಿತು. ನನ್ನ ವಿದ್ಯಾರ್ಥಿಗಳು ಇದನ್ನು ಕ್ರೌರ್ಯ ಅಂತ ಬರೆದುಕೊಳ್ಳುತ್ತಾರೆ. ಬರೆದುಕೊಳ್ಳಲಿ. ನಾನು ಅವರಿಗೆ ಇದನ್ನು ದತ್ತಾಂಶ ಅಂತಲೂ ಬರೆದುಕೊಳ್ಳಲು ಹೇಳುತ್ತೇನೆ. ಯಾಕೆಂದರೆ ಹನ್ನೊಂದು ವರ್ಷದ ಮೇಲೆ ಈ ನಗುವಿನ ಲೆಕ್ಕ ಕೂಡಿಸಲಾಯಿತು.

ನಡೆದದ್ದು

ಭೂತಾನಿಗೂ ನೇಪಾಳಕ್ಕೂ ಗಡಿ ತಾಗುವುದಿಲ್ಲ, ನಡುವೆ ನಮ್ಮ ದೇಶದ ಪಟ್ಟಿಯಿದೆ. ಲಾರಿಗಳಲ್ಲಿ ಅದನ್ನು ದಾಟಿಸಿದರು. 1992ರಲ್ಲಿ ಮನೆಯವರು ಮೊದಲು ಇಳಿದದ್ದು ನೇಪಾಳದ ಝಾಪಾ ಜಿಲ್ಲೆಯ ಮಾಯಿ ನದಿಯ ಮರಳ ದಂಡೆಯಲ್ಲಿ. ಅಲ್ಲಿ ಜ್ವರ, ಭೇದಿಗೆ ಮಕ್ಕಳು ಮುದುಕರು ಸಾಯುತ್ತಿದ್ದರು. ಆಮೇಲೆ ವಿಶ್ವಸಂಸ್ಥೆಯ ನಿರಾಶ್ರಿತರ ಸಂಸ್ಥೆ ಬಂದು ಝಾಪಾ, ಮೊರಾಂಗ್ ಜಿಲ್ಲೆಗಳಲ್ಲಿ ಏಳು ಶಿಬಿರಗಳಾದವು. ನಮ್ಮ ಮನೆಗೆ ಖುದುನಾಬಾರಿ ಶಿಬಿರದಲ್ಲಿ ಬಿದಿರಿನ ಒಂದು ಗುಡಿಸಲು ಸಿಕ್ಕಿತು. ಒಟ್ಟು ಒಂದು ಲಕ್ಷಕ್ಕೂ ಹೆಚ್ಚು ಜನ.

ಈಗ ಮತ್ತೆ ಛೇದಕ್ಕೆ ಬನ್ನಿ. ಭೂತಾನ್ ವಿಶ್ವಸಂಸ್ಥೆಗೆ ಸೇರಿದ ಕಾಲದಿಂದ ತನ್ನ ಜನಸಂಖ್ಯೆ ಹತ್ತು ಲಕ್ಷಕ್ಕೂ ಮೇಲೆ ಅಂತ ಹೇಳಿಕೊಂಡು ಬಂದಿತ್ತು. 1990ರ ಹೊತ್ತಿಗೆ ದೊರೆ, ನಿಜವಾದ ಸಂಖ್ಯೆ ಸುಮಾರು 6 ಲಕ್ಷ ಎಂದರು. ಹಳೆಯ ಅಂಕಿ ಅಂದಾಜಿನದ್ದು, ಉಬ್ಬಿಸಿದ್ದು ಎಂಬುದು ನಿಜವೇ ಇರಬೇಕು. ಅಷ್ಟೂ ವ್ಯತ್ಯಾಸವನ್ನು ಗಡಿಪಾರಿನ ಖಾತೆಗೆ ಬರೆಯುವುದು ತಪ್ಪು. ಆದರೆ ಆರೇಳು ಲಕ್ಷದ ದೇಶದಿಂದ ಒಂದು ಲಕ್ಷ ಹೋದರೆ ಆರರಲ್ಲೊ ಏಳರಲ್ಲೊ ಒಬ್ಬ ಹೋದಂತೆ.

2005ರಲ್ಲಿ ಇಡೀ ದೇಶದ ಜನಗಣತಿ ನಡೆಯಿತು. 6,34,982 ನಿವಾಸಿಗಳು. ಆ ಗಣತಿಯಲ್ಲಿ ಸಂತೋಷದ ಬಗ್ಗೆಯೂ ಒಂದು ಪ್ರಶ್ನೆಯಿತ್ತು. ‘ತುಂಬಾ ಸಂತೋಷ’, ‘ಸಂತೋಷ’ ಎರಡೂ ಸೇರಿ ಶೇ. 97ರಷ್ಟು. ಅಷ್ಟೇನೂ ಸಂತೋಷವಿಲ್ಲ ಎಂದವರು ಶೇ. 3ರ ಆಸುಪಾಸು. ಜಗತ್ತಿನ ಪತ್ರಿಕೆಗಳೆಲ್ಲ ಈ ಅಂಕಿಯನ್ನು ಅಚ್ಚರಿಯಿಂದ ಹೊತ್ತು ತಿರುಗಿದವು. ಅದೇ ವರ್ಷ ಖುದುನಾಬಾರಿಯ ಗುಡಿಸಲಿನಲ್ಲಿ ಅಕ್ಕನಿಗೆ 26 ವರ್ಷ, ಶಿಬಿರದ ಶಾಲೆಯಲ್ಲಿ ಪಾಠ ಹೇಳುತ್ತಿದ್ದಳು. ಅವಳನ್ನು ಯಾರೂ ಕೇಳಿರಲಿಲ್ಲ. ಕೇಳಿದ್ದರೂ ಆ ಗಣತಿಯ ಲೆಕ್ಕಕ್ಕೆ ಬರುತ್ತಿರಲಿಲ್ಲ.

ಗಣತಿದಾರರು ಸುಳ್ಳು ಬರೆದರು ಎಂದು ನಾನು ಹೇಳುತ್ತಿಲ್ಲ. ಪ್ರತಿ ಮನೆಗೂ ಹೋಗಿ ಕೇಳಿ, ಹೇಳಿದ್ದನ್ನೇ ಬರೆದಿರಬಹುದು. ಸುಳ್ಳಿಲ್ಲದೆಯೇ ಶೇ. 97 ಬರಬಹುದು ಎಂಬುದೇ ಈ ಪ್ರಕರಣದ ಕಷ್ಟದ ಭಾಗ. ಅಂಶ ಪ್ರಾಮಾಣಿಕವಾಗಿತ್ತು. ಛೇದವನ್ನು ಹದಿನೈದು ವರ್ಷ ಮೊದಲೇ ಬೇರೊಂದು ಇಲಾಖೆ ಬೇರೊಂದು ಟೇಬಲ್ಲಿನ ಮೇಲೆ ಮುಗಿಸಿಟ್ಟಿತ್ತು.

ಇದಕ್ಕಿಂತ ಎರಡು ವರ್ಷ ಹಿಂದೆಯೇ ಆ ಹಲ್ಲು ಕಾಣಿಸಿದ ನಗು ಕೆಲಸಕ್ಕೆ ಬಂದಿತ್ತು. ಶಿಬಿರದಲ್ಲಿರುವವರು ಯಾರು ಎಂದು ಪರಿಶೀಲಿಸಲು ನೇಪಾಳ, ಭೂತಾನ್ ಜಂಟಿ ತಂಡ ಮಾಡಿಕೊಂಡಿದ್ದವು. 2001ರಲ್ಲಿ ಖುದುನಾಬಾರಿಯಿಂದಲೇ ಶುರು. ನಾಲ್ಕು ವರ್ಗ: ಬಲವಂತದಿಂದ ಹೊರಹಾಕಿಸಿಕೊಂಡ ಭೂತಾನೀಯರು, ತಾವಾಗಿ ಬಿಟ್ಟು ಬಂದ ಭೂತಾನೀಯರು, ಭೂತಾನೀಯರಲ್ಲದವರು, ಅಪರಾಧ ಮಾಡಿದ ಭೂತಾನೀಯರು. ಅಜ್ಜ ಚೀಟಿಗಳನ್ನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ತೆಗೆದುಕೊಂಡು ಹೋಗಿ ಮೇಜಿನ ಮೇಲೆ ಹರಡಿದ. ಇಲಿ ಕಡಿದ 1958ರ ಚೀಟಿಯೂ ಇತ್ತು.

2003ರ ಜೂನಿನಲ್ಲಿ ಫಲಿತಾಂಶ ಹಚ್ಚಿದರು. 12,183 ಜನರಲ್ಲಿ ಬಲವಂತದಿಂದ ಹೊರಬಿದ್ದವರು 293. ತಾವಾಗಿ ಬಿಟ್ಟು ಬಂದವರು 8,595. ಭೂತಾನೀಯರಲ್ಲದವರು 2,948. ಅಪರಾಧಿಗಳು 347.

ಅಜ್ಜ ಎರಡನೇ ವರ್ಗ. ಚೀಟಿ ಅವನು ಭೂತಾನೀಯ ಎಂಬುದನ್ನು ಸಾಬೀತು ಮಾಡಿತ್ತು. ಹೆಬ್ಬೆಟ್ಟು ಅವನು ತಾನಾಗಿ ಬಿಟ್ಟು ಬಂದ ಎಂಬುದನ್ನು ಸಾಬೀತು ಮಾಡಿತ್ತು. ಎರಡೂ ಅವನದೇ ಕೈಯ ಕಾಗದ. ತಾನಾಗಿ ದೇಶ ಬಿಟ್ಟವನು ಪೌರತ್ವ ಬಿಟ್ಟಂತೆ, ವಾಪಸು ಬರಬೇಕಿದ್ದರೆ ಹೊಸದಾಗಿ ಅರ್ಜಿ ಹಾಕಿ ಕಾಯಬೇಕು. ಚಿಕ್ಕಪ್ಪ ನಾಲ್ಕನೇ ವರ್ಗ, ವಾಪಸಾದರೆ ವಿಚಾರಣೆ.

ಆ ವರ್ಷ ಡಿಸೆಂಬರ್ 22ರಂದು ಭೂತಾನಿನ ಅಧಿಕಾರಿಗಳು ಶಿಬಿರಕ್ಕೆ ಬಂದು ವಾಪಸಾತಿಯ ಷರತ್ತುಗಳನ್ನು ಓದಿ ಹೇಳಿದರು. ಎರಡು ವರ್ಷದ ಕಾಯುವಿಕೆ, ಹಳೆಯ ಮನೆ ಹೊಲದ ಮಾತಿಲ್ಲ. ಜನ ರೊಚ್ಚಿಗೆದ್ದರು, ಕಲ್ಲು ಬಿದ್ದವು, ಅಧಿಕಾರಿಗಳಿಗೆ ಗಾಯವಾಯಿತು. ಅವರು ಎದ್ದು ಹೋದರು. ಮತ್ತೆ ಬರಲಿಲ್ಲ. ಹತ್ತು ವರ್ಷದ ಮಾತುಕತೆ ಒಂದು ಮಧ್ಯಾಹ್ನದಲ್ಲಿ ಮುಗಿಯಿತು. ಕಲ್ಲು ಎಸೆಯದೇ ಇದ್ದಿದ್ದರೆ? ತರಗತಿಯಲ್ಲಿ ಪ್ರತಿ ಸಲ ಈ ಪ್ರಶ್ನೆ ಬರುತ್ತದೆ. ಎದ್ದು ಹೋಗಲು ಅವರಿಗೊಂದು ನೆಪ ಬೇಕಿತ್ತು, ಶಿಬಿರದವರೇ ಕೈಗೆ ಕೊಟ್ಟರು ಎಂಬುದು ನನ್ನ ಅಭಿಪ್ರಾಯ. ಒಪ್ಪದವರೂ ಇದ್ದಾರೆ.

2006ರಲ್ಲಿ ಅಮೆರಿಕ, 60,000 ಜನರನ್ನು ಕರೆದುಕೊಳ್ಳುತ್ತೇವೆ ಎಂದಿತು. ಶಿಬಿರ ಎರಡು ಹೋಳಾಯಿತು. ಹೋದರೆ ಮರಳುವ ಹಕ್ಕು ಬಿಟ್ಟುಕೊಟ್ಟಂತೆ ಎನ್ನುವವರು ಒಂದು ಕಡೆ. ಈ ಬಿದಿರಿನ ಗೋಡೆಯೊಳಗೆ ಇನ್ನೊಂದು ತಲೆಮಾರು ಬೆಳೆಸಲಾರೆವು ಎನ್ನುವವರು ಇನ್ನೊಂದು ಕಡೆ. ಹೆಸರು ಬರೆಸಿದವರ ಮೇಲೆ ಬೆದರಿಕೆ, ಹಲ್ಲೆ ನಡೆದವು. ನಮ್ಮ ಮನೆಯಲ್ಲಿ ಅಕ್ಕ ಹೋಗಲು ನಿರ್ಧರಿಸಿದಳು. ಅಪ್ಪ ಅಮ್ಮ ಮೊಮ್ಮಕ್ಕಳ ಹಿಂದೆ ಹೋದರು. ಅಜ್ಜ ಮಾತ್ರ ನಮೂನೆ ಎಂಬ ಶಬ್ದ ಕೇಳಿದರೇ ಎದ್ದು ಹೊರಗೆ ಹೋಗುತ್ತಿದ್ದ. ಇನ್ನೊಂದು ಸಲ ಹೆಬ್ಬೆಟ್ಟು ಒತ್ತುವುದಿಲ್ಲ ಎಂದ, ಒತ್ತಲಿಲ್ಲ. 2008ರಿಂದ ಮುಂದೆ ಎಂಟು ದೇಶಗಳಿಗೆ ಒಂದು ಲಕ್ಷಕ್ಕೂ ಹೆಚ್ಚು ಜನ ಹೋದರು, ಬಹುಪಾಲು ಅಮೆರಿಕಕ್ಕೆ. 2009ರಿಂದ 2012ರೊಳಗೆ ಅಲ್ಲಿ ನೆಲೆಸಿದ ಭೂತಾನೀ ನಿರಾಶ್ರಿತರಲ್ಲಿ 16 ಜನ ಆತ್ಮಹತ್ಯೆ ಮಾಡಿಕೊಂಡದ್ದನ್ನು ಆ ದೇಶದ ರೋಗ ನಿಯಂತ್ರಣ ಕೇಂದ್ರ ದಾಖಲಿಸಿತು. ಅಮೆರಿಕದ ಒಟ್ಟು ಪ್ರಮಾಣಕ್ಕಿಂತ ಅದು ಹೆಚ್ಚು. ಅಂತೂ ಅವರನ್ನು ಒಂದು ಲೆಕ್ಕಕ್ಕೆ ಸೇರಿಸಿಕೊಂಡ ಮೊದಲ ದೇಶ ಅದು.

ಕಲಿಯಲು ಇರುವುದು

ಸಂತೋಷ ಸೂಚ್ಯಂಕ ಜನರನ್ನು ಓಡಿಸಿತು ಎಂದು ಈ ಪ್ರಕರಣವನ್ನು ಓದಿದರೆ ತಪ್ಪು ಓದಿದಂತೆ. ಓಡಿಸಿದ್ದು ಭಯ. ಸೂಚ್ಯಂಕ ಬಂದದ್ದು ಆಮೇಲೆ, ಒಳ್ಳೆಯ ತಲೆಗಳೇ ಕೂತು ಮಾಡಿದ ಕೆಲಸ ಅದು. ಉಚಿತ ಆಸ್ಪತ್ರೆ, ದೇಶದ ಶೇ. 60 ಕಾಡಾಗಿಯೇ ಇರಬೇಕೆಂಬ ಸಂವಿಧಾನದ ಕಟ್ಟಳೆ, ಇವುಗಳನ್ನು ಅಣಕಿಸುವುದು ಸಣ್ಣತನ.

ಆದರೆ ಸೂಚ್ಯಂಕದ ಒಳಗೆ ಬೆರಳಿಟ್ಟು ನೋಡಿ. ಒಂಬತ್ತು ಕ್ಷೇತ್ರಗಳಲ್ಲಿ ಒಂದು ಸಂಸ್ಕೃತಿ. ಅದರ ಕೆಳಗೆ ನಾಲ್ಕು ಸೂಚಕ. ಅವುಗಳಲ್ಲೊಂದು ದ್ರಿಗ್ಲಾಂ ನಮ್ಜಾ. ಅಪ್ಪ ಸಾಲ ಮಾಡಿ ಕೊಂಡ ಆ ಗೋ, ಸೆಕೆಯಲ್ಲಿ ದಂಡಕ್ಕೆ ಹೆದರಿ ಉಟ್ಟ ಆ ಗೋ, ಇಪ್ಪತ್ತು ವರ್ಷದ ಮೇಲೆ ಸಂತೋಷದ 33 ಅಳತೆಗೋಲುಗಳಲ್ಲಿ ಒಂದಾಗಿ ಕೂತಿದೆ. ಯಾರೂ ದುರುದ್ದೇಶದಿಂದ ಸೇರಿಸಿರಲಿಕ್ಕಿಲ್ಲ. ಒಳಗೆ ಉಳಿದವರ ಕಣ್ಣಿಗೆ ಅದು ಶಿಷ್ಟಾಚಾರ. ಅದು ದಂಡವಾಗಿ ಕಂಡವರಲ್ಲಿ ಬಹಳಷ್ಟು ಜನ ಪ್ರಶ್ನೆಪತ್ರಿಕೆ ತಯಾರಾಗುವ ಹೊತ್ತಿಗೆ ಅಲ್ಲಿರಲಿಲ್ಲ.

ಸಂಯುಕ್ತ ಅರಬ್ ಸಂಸ್ಥಾನ 2016ರಲ್ಲಿ ಸಂತೋಷಕ್ಕೊಬ್ಬ ಸಚಿವೆಯನ್ನು ನೇಮಿಸಿತು. ಅದೇ ವರ್ಷ ಮಧ್ಯಪ್ರದೇಶ ಸರ್ಕಾರ ಆನಂದ ವಿಭಾಗ ತೆರೆಯಿತು. ನಮ್ಮಲ್ಲೂ ಯಾವತ್ತಾದರೂ ಬಂದೀತು. ಬಂದಾಗ ಪ್ರಶ್ನಾವಳಿ ಎಷ್ಟು ಚೆನ್ನಾಗಿದೆ ಎಂದು ನೋಡುವ ಮೊದಲು ಮನೆಪಟ್ಟಿ ಕೇಳಿ ಅಂತ ನನ್ನ ಹುಡುಗರಿಗೆ ಹೇಳುತ್ತೇನೆ. ಪಟ್ಟಿ ಯಾರು ಮಾಡಿದರು, ಯಾವ ವರ್ಷದ ಕಾಗದ ಕೇಳಿದರು, ಹೆಸರು ಬಿಟ್ಟುಹೋದವರು ಎಲ್ಲಿ ಹೋಗಿ ಹೇಳಬೇಕು. ತಾವಾಗಿ ಒಪ್ಪಿದ್ದಾರೆ ಎಂಬ ಸಹಿ ಇದ್ದರೆ ಸಹಿ ಹಾಕಿದ ದಿನ ಕೋಣೆಯಲ್ಲಿ ಇನ್ಯಾರಿದ್ದರು. ಇಷ್ಟು ಕೇಳಿದರೆ ಕಚೇರಿಯವರು ಮುಖ ಸಿಂಡರಿಸುತ್ತಾರೆ, ಗೊತ್ತು.

ಈಗ

2022ರ ಸಮೀಕ್ಷೆಯಲ್ಲಿ ಭೂತಾನಿನ ಸೂಚ್ಯಂಕ 0.781ಕ್ಕೆ ಏರಿತು; 2010ರಲ್ಲಿ ಅದು 0.743 ಇತ್ತು. ಏಳು ಶಿಬಿರಗಳಲ್ಲಿ ಬೆಲ್ದಾಂಗಿ, ಶನಿಶ್ಚರೆ ಉಳಿದಿವೆ, ಕೆಲವು ಸಾವಿರ ಜನ. ಅಜ್ಜ ಖುದುನಾಬಾರಿಯಿಂದ ಬೆಲ್ದಾಂಗಿಗೆ ಬಂದು ಅಲ್ಲೇ ತೀರಿಕೊಂಡ. 2025ರಲ್ಲಿ ಅಮೆರಿಕ ತಾನು ನೆಲೆ ಕೊಟ್ಟವರಲ್ಲೇ ಕೆಲವರನ್ನು ಭೂತಾನಿಗೆ ಗಡಿಪಾರು ಮಾಡಿತು. ಭೂತಾನ್ ಅವರನ್ನು ಇಟ್ಟುಕೊಳ್ಳದೆ ಭಾರತದ ಗಡಿಯಾಚೆ ಬಿಟ್ಟಿತು. ಕೆಲವರು ಮೂವತ್ತು ವರ್ಷದ ಹಿಂದಿನ ಅದೇ ದಾರಿಯಲ್ಲಿ ನೇಪಾಳ ಸೇರಿದರು.

1958ರ ಚೀಟಿ ಈಗ ಅಕ್ಕನ ಬಳಿ ಅಮೆರಿಕದಲ್ಲಿದೆ, ಗಾಜಿನ ಕಟ್ಟು ಹಾಕಿಸಿ ಗೋಡೆಗೆ ನೇತುಹಾಕಿದ್ದಾಳೆ. ಅದರ ಪಕ್ಕ ಅಜ್ಜನ ಒಂದು ಫೋಟೊ ಬೇಕೆಂದು ಅವಳಿಗೆ ಆಸೆ. ಶಿಬಿರದ ಗುರುತು ಚೀಟಿಯಲ್ಲಿನ ಮಸುಕು ಮುಖ ಬಿಟ್ಟರೆ ಅವನದ್ದು ಬೇರೆ ಫೋಟೊ ಮನೆಯಲ್ಲಿಲ್ಲ. ಇರುವುದು ಒಂದೇ, ಹಲ್ಲು ಕಾಣುವಂತೆ ನಕ್ಕದ್ದು. ಅದು ಥಿಂಪುವಿನ ಯಾವುದೋ ಕಡತದಲ್ಲಿರಬೇಕು.